ಚಾವಿ ಎಂಬ ಪೋರ್ತುಗೀಸ್ ಪದ

ಹೊಸ ಫ್ಲೆಕ್ಸ್ ಬ್ಯಾನರಿನ ವಾಸನೆ ನನಗೆ ಈಗಲೂ ಆಗುವುದಿಲ್ಲ. ಹೋದ ಚಳಿಗಾಲದಲ್ಲಿ ನಾದಿನಿಯ ಮಗುವಿನ ನಾಮಕರಣಕ್ಕೆಂದು ಬಹರೈನಿಗೆ ಹೋಗಿದ್ದೆ. ಹಮದ್ ಟೌನಿನ ಅವಳ ಮನೆಯೆದುರು ಕೆಲಸದವರು ಮಗುವಿನ ಚಿತ್ರವಿದ್ದ ದೊಡ್ಡ ಬ್ಯಾನರಿನ ಸುರುಳಿ ಬಿಚ್ಚುತ್ತಿದ್ದರು. ಬಿಸಿಲಿಗೆ ಕಾದ ಪ್ಲಾಸ್ಟಿಕ್ಕು, ಹಸಿ ಶಾಯಿ ಎರಡೂ ಕಲೆತ ಆ ವಾಸನೆ ಎದ್ದಿದ್ದೇ ತಡ, ಬಾಯಿಗೆ ಸೆರಗು ಒತ್ತಿಕೊಂಡು ಹಿತ್ತಲಿಗೆ ಓಡಿದೆ. ಐವತ್ತು ದಾಟಿದವಳಿಗೆ ಈಗೆಂಥ ಬಯಕೆ ಎಂದು ನಾದಿನಿಯ ಅತ್ತೆ ನಗೆಯಾಡಿದರು. ನಾನೂ ನಕ್ಕೆ. ಆದರೆ ನನ್ನ ಹೊಟ್ಟೆಯೊಳಗಿದ್ದದ್ದು ಎರಡು ಸಾವಿರದ ಒಂಬತ್ತನೆಯ ಇಸವಿ.

ಆಗ ನಾನು ಬಹರೈನಿನಲ್ಲೇ, ಮನಾಮಾದ ಡಿಪ್ಲೊಮ್ಯಾಟಿಕ್ ಏರಿಯಾದ ಒಂದು ಸಣ್ಣ ಕಂಪನಿಯಲ್ಲಿದ್ದೆ. ಬ್ಯಾಂಕುಗಳಿಗೆ, ಬಿಲ್ಡರುಗಳಿಗೆ ವಸ್ತುಪ್ರದರ್ಶನದ ಮಳಿಗೆ ಕಟ್ಟಿಕೊಡುವ ಕಂಪನಿ. ಮಾಲೀಕರು ಉಡುಪಿ ಕಡೆಯ ದಯಾನಂದ ಎಂಬವರು. ನಾವೆಲ್ಲ ದಯಾನಂದಣ್ಣ ಎನ್ನುತ್ತಿದ್ದೆವು. ಊರಿನವರ ಸಂಘದಲ್ಲಿ ಮುಂದಿನ ಸಾಲಿನ ಕುರ್ಚಿ, ಹಬ್ಬಕ್ಕೆ ಆಫೀಸಿನವರಿಗೆಲ್ಲ ಸಿಹಿ, ಮಾತೆತ್ತಿದರೆ ‘ನಮ್ಮ ಹುಡುಗರು’. ಅಮೆರಿಕದ ಬ್ಯಾಂಕುಗಳು ಮಗುಚಿ ಬಿದ್ದ ಗಾಳಿ ಇಲ್ಲಿಗೂ ಬೀಸಿ, ಆ ವರ್ಷ ಮಳಿಗೆಯ ಕೆಲಸಗಳೇ ಇರಲಿಲ್ಲ. ಅಂಥ ಹೊತ್ತಿನಲ್ಲಿ ಬುದಯ್ಯದ ಸಾಹೇಬನ ಕೆಲಸ ಬಂತು.

ಸಾಹೇಬ ಪೋರ್ತುಗಲ್ಲಿನವನು. ಕೆಲಸದಿಂದ ನಿವೃತ್ತನಾದ ಮೇಲೂ ಊರಿಗೆ ಹೋಗದೆ ಬುದಯ್ಯದ ಸಮುದ್ರದ ಬದಿಯಲ್ಲಿ ಖರ್ಜೂರದ ತೋಟದ ಮನೆಯೊಂದನ್ನು ಹಿಡಿದು, ಹಳೆಯ ಸಾಮಾನು ಕೂಡಿಹಾಕುತ್ತ ಕೂತಿದ್ದ. ಅವನ ದೇಶದವರು ಸುಮಾರು ಎಂಬತ್ತು ವರ್ಷ ಈ ದ್ವೀಪವನ್ನು ಹಿಡಿದಿದ್ದರಲ್ಲ, ಕಡಲಂಚಿನ ಕೋಟೆಯಲ್ಲಿ ಅವರ ಕಲ್ಲುಗಳು ಇನ್ನೂ ಇವೆಯಲ್ಲ, ಅದರ ಹೆಮ್ಮೆ ಅವನ ಮೈತುಂಬ ಇತ್ತು. ಸಮುದ್ರ ದಾಟಿ ಹೋದ ಪೋರ್ತುಗೀಸರು ಎಲ್ಲೆಲ್ಲಿ ನೆಲೆಸಿದರು, ಏನೇನು ಬಿಟ್ಟುಬಂದರು ಎಂಬುದರ ಪ್ರದರ್ಶನವೊಂದನ್ನು ತೋಟದಲ್ಲೇ ಮಾಡಿ, ದೊಡ್ಡ ಮಂದಿಯನ್ನು ಕರೆಯಬೇಕೆಂಬುದು ಅವನ ಆಸೆ. ಗೋಡೆಗಳನ್ನು ನಿಲ್ಲಿಸುವುದು ನಮ್ಮ ಬಡಗಿಗಳ ಕೆಲಸ, ಅವುಗಳ ಮೇಲೆ ಬರೆಯುವುದು ನನ್ನ ಕೆಲಸ.

ಇದೂ ಒಂದು ತಮಾಷೆಯೇ. ನಮ್ಮದು ಕುಮಟಾದ ಕೊಂಕಣಿ ಮನೆ. ಪೋರ್ತುಗೀಸರ ಕಾಟಕ್ಕೆ ದೇವರನ್ನು ಕಟ್ಟಿಕೊಂಡು ಗೋವೆಯಿಂದ ಓಡಿಬಂದವರ ಸಂತಾನ ನಾವು. ಪೋರ್ತುಗೀಸರು ಬಾವಿಗೆ ಪಾವಿನ, ಅಂದರೆ ಅವರ ಬ್ರೆಡ್ಡಿನ, ಚೂರು ಎಸೆದು, ಆ ನೀರು ಕುಡಿದವರ ಜಾತಿ ಹೋಯಿತೆಂದು ಸಾರುತ್ತಿದ್ದರಂತೆ. ಆ ಕತೆ ಹೇಳಿ ಹೇಳಿ ನನ್ನ ಅಜ್ಜಿ ಸಾಯುವವರೆಗೂ ಪಾವು ಮುಟ್ಟಲಿಲ್ಲ. ಮುಟ್ಟದೆ ಅವಳು ಮಾಡುತ್ತಿದ್ದದ್ದೇನು? ಬಟಾಟೆಯ ಸೊಂಗ, ಅನಾನಸಿನ ಸಾಸಿವೆ, ಒಣಮೆಣಸಿನ ಗೊಜ್ಜು. ಎಲ್ಲ ಅದೇ ಹಡಗಿನಲ್ಲಿ ಬಂದವು. ಅವಳು ಬಾಲ್ದಿಯಲ್ಲಿ ನೀರು ಸೇದಿ, ಅಲಮಾರಿನಿಂದ ಇಸ್ತ್ರಿ ಮಾಡಿದ ಸೀರೆ ತೆಗೆದು, ಬಾಗಿಲಿಗೆ ಚಾವಿ ಹಾಕಿ ದೇವಸ್ಥಾನಕ್ಕೆ ಹೋಗಿ ಪೋರ್ತುಗೀಸರಿಗೆ ಶಾಪ ಹಾಕುತ್ತಿದ್ದಳು. ಬಾಲ್ದಿ, ಅಲಮಾರು, ಇಸ್ತ್ರಿ, ಚಾವಿ, ಒಂದೊಂದು ಪದವೂ ಅವರದೇ. ಇದನ್ನೆಲ್ಲ ಸಾಹೇಬನಿಗೆ ಹೇಳಿದಾಗ ಅವನು ಕುಣಿಯುವುದೊಂದು ಬಾಕಿ. ಪದಗಳದೇ ಒಂದು ಗೋಡೆಯಾಗಲಿ, ತೋಟದ ಕೊನೆಯಲ್ಲಿ ಅದೇ ಮುಕ್ತಾಯವಾಗಲಿ ಎಂದ.

ಅವನ ಅಕ್ಕ ತೆರೇಜಾ ಪ್ರದರ್ಶನಕ್ಕೆಂದೇ ಲಿಸ್ಬನ್ನಿನಿಂದ ಬಂದಿದ್ದರು. ಎಂಬತ್ತರ ಹತ್ತಿರದ ಹೆಂಗಸು, ಕಪ್ಪು ಉಡುಪು, ಕೈಯಲ್ಲಿ ಕೋಲು. ಆಕೆ ನನಗೆ ಒಂದು ಅರ್ಧ ಫೋಟೋ ತೋರಿಸಿದರು, ನಟ್ಟನಡುವೆ ಹರಿದದ್ದು. ಅವರ ಗಂಡ ಯೌವನದಲ್ಲಿ ಬಡತನ ತಾಳಲಾರದೆ, ಸರಕಾರಕ್ಕೆ ತಿಳಿಯದ ಹಾಗೆ ಬೆಟ್ಟ ದಾಟಿ ಫ್ರಾನ್ಸಿಗೆ ನಡೆದುಹೋದವರು. ದಾಟಿಸುವ ದಲ್ಲಾಳಿಯನ್ನು ನಂಬುವುದು ಹೇಗೆ? ಅದಕ್ಕೇ ಹೋಗುವವನು ತನ್ನ ಫೋಟೋ ಹರಿದು ಅರ್ಧ ಮನೆಯಲ್ಲಿಟ್ಟು, ಅರ್ಧ ಜೇಬಿನಲ್ಲಿಟ್ಟುಕೊಳ್ಳುತ್ತಿದ್ದನಂತೆ. ಮುಟ್ಟಿದ ಮೇಲೆ ತನ್ನ ಅರ್ಧವನ್ನು ಕಳಿಸಬೇಕು. ಎರಡೂ ಕೂಡಿದರೆ ಆಳು ಜೀವಂತ ಇದ್ದಾನೆಂದು ಅರ್ಥ, ಆಗ ದಲ್ಲಾಳಿಯ ಹಣ ಸಲ್ಲುತ್ತಿತ್ತು. ಹೀಗೆ ಹೋದ ಸಾವಿರಾರು ಪೋರ್ತುಗೀಸರು ಪ್ಯಾರಿಸ್ಸಿನ ಹೊರಗೆ ಕೆಸರಿನಲ್ಲಿ ತಗಡಿನ ಗುಡಿಸಲು ಹಾಕಿಕೊಂಡು, ಹಗಲು ಬೇರೆಯವರಿಗೆ ಕಟ್ಟಡ ಕಟ್ಟುತ್ತಿದ್ದರು. ತೆರೇಜಾರ ಮದುವೆಯ ಮೊದಲ ವರ್ಷಗಳು ಅಲ್ಲೇ ಕಳೆದವಂತೆ.

ನಾನು ಇದನ್ನು ಮನಸ್ಸಿಟ್ಟು ಬರೆದೆ. ಇಡೀ ಪ್ರದರ್ಶನದಲ್ಲಿ ಉಸಿರಾಡುತ್ತಿದ್ದ ಗೋಡೆ ಅದೊಂದೇ ಆಗಿತ್ತು. ಸಾಹೇಬ ಓದಿ, ಹುಳು ಬಿದ್ದ ಹಣ್ಣನ್ನು ನೋಡುವ ಹಾಗೆ ನೋಡಿದ. ಹಡಗು, ಕೋಟೆ, ನಕ್ಷೆಗಳ ನಡುವೆ ಈ ತಗಡಿನ ಗುಡಿಸಲು ಯಾಕೆ ಎಂದು ಕೇಳಿದ. ದಯಾನಂದಣ್ಣ ಅವನ ಮಾತು ಮುಗಿಯುವ ಮುಂಚೆಯೇ ಗೋಡೆ ಕಿತ್ತು ಸಾಗಿಸಲು ಹೇಳಿದರು. ಆಮೇಲೆ ನನ್ನ ಹತ್ತಿರ, ‘ಎಂತ ಶೈಲಾ, ಗೆಸ್ಟುಗಳು ಬರುವಲ್ಲಿ ಈ ದರಿದ್ರದ್ದೆಲ್ಲ ಯಾಕೆ ಮಾರಾಯ್ರೆ’ ಎಂದರು. ತೆರೇಜಾ ಅರ್ಧ ಫೋಟೋವನ್ನು ಕೈಚೀಲಕ್ಕೆ ಹಾಕಿಕೊಂಡರು.

ಆ ಗೋಡೆಯನ್ನು ಬಿಚ್ಚಿದವನು ಮಂಜುನಾಥ ಆಚಾರಿ. ಅಂಕೋಲೆಯ ಬಡಗಿ, ನಮ್ಮ ಕಂಪನಿಯಲ್ಲಿ ನನ್ನ ಜಿಲ್ಲೆಯವನು ಅವನೊಬ್ಬನೇ. ಸಿಟ್ಟು ಮೂಗಿನ ತುದಿಯಲ್ಲಿ, ನಾಲಿಗೆ ಅದಕ್ಕಿಂತ ಹರಿತ. ಊರಿನಿಂದ ತಂದ ಉಳಿ, ಬಾಚಿ, ಕೀಸುಳಿಗಳನ್ನು ಯಾರೂ ಮುಟ್ಟುವ ಹಾಗಿರಲಿಲ್ಲ. ಅವಕ್ಕೊಂದು ಮರದ ಪೆಟ್ಟಿಗೆ, ಪೆಟ್ಟಿಗೆಗೆ ಮನಾಮಾದ ಸೂಕ್ ಪೇಟೆಯಲ್ಲಿ ಕೊಂಡ ಹಿತ್ತಾಳೆಯ ಬೀಗ. ಬೀಗದ ಮೇಲೆ ಮೊಳೆಯಿಂದ ಕೆತ್ತಿದ ‘ಮಂ’ ಎಂಬ ಅಕ್ಷರ. ಒಂದು ಚಾವಿ ಬೀಗದಲ್ಲೇ ನೇತಾಡುತ್ತಿತ್ತು, ಇನ್ನೊಂದು ಅವನ ಉಡಿದಾರದಲ್ಲಿ. ಒಂದನ್ನು ಬೀಗದಲ್ಲೇ ಬಿಟ್ಟ ಮೇಲೆ ಬೀಗವಾದರೂ ಯಾಕೋ ಎಂದು ನಾನು ಛೇಡಿಸಿದರೆ, ಕಳ್ಳರಿಗಲ್ಲ ಅಕ್ಕಾ, ಕೇಳದೆ ಮುಟ್ಟುವವರಿಗೆ ನಾಚಿಕೆ ಆಗಲಿ ಅಂತ ಎನ್ನುತ್ತಿದ್ದ.

ರಂಜಾನ್ ಮುಗಿದಿತ್ತು. ಬಿಸಿಲು ತುಸು ಬಾಗಿದ್ದರೂ ಸಮುದ್ರದಿಂದ ಏಳುವ ಸೆಕೆ ಮಾತ್ರ ಮೈಗೆ ಒದ್ದೆ ಕಂಬಳಿ ಹೊದಿಸಿದ ಹಾಗಿತ್ತು. ಪ್ರದರ್ಶನದ ದಿನ ಬಡಗಿಗಳು, ಬಣ್ಣದವರು ಬೆಳಗಿನಿಂದ ದುಡಿದು ಸಂಜೆಗೆ ಕೆಲಸ ಮುಗಿಸಿದರು. ಆದರೆ ಅವರನ್ನು ಅವರು ಉಳಿಯುವ ಕ್ಯಾಂಪಿಗೆ ಒಯ್ಯಬೇಕಾದ ಬಸ್ಸನ್ನು, ದೂರ ಗಾಡಿ ನಿಲ್ಲಿಸಿದ ಅತಿಥಿಗಳನ್ನು ಕರೆತರಲು ದಯಾನಂದಣ್ಣ ತೊಳೆಸಿ ಕಳಿಸಿದ್ದರು. ಕಾರ್ಯಕ್ರಮ ಮುಗಿಯುವವರೆಗೆ ಕೆಲಸದವರು ತೋಟದ ಹಿಂದಿನ ತಗಡಿನ ಕ್ಯಾಬಿನ್ನಿನೊಳಗೆ ಇರಲಿ, ಬೆವರು ಬನಿಯನ್ನಿನಲ್ಲಿ ಅತಿಥಿಗಳ ಕಣ್ಣಿಗೆ ಬೀಳುವುದು ಬೇಡ ಎಂದರು. ಒಳಗೆ ಏಸಿ ಇದೆಯಲ್ಲ ಎಂದು ನಾನೂ ಸುಮ್ಮನಾದೆ. ಆಮೇಲೆ ತೋಟದ ದೀಪಗಳನ್ನೆಲ್ಲ ಒಟ್ಟಿಗೆ ಹಾಕಿದಾಗ ಕರೆಂಟು ತಾಳಲಿಲ್ಲ. ಎಲೆಕ್ಟ್ರಿಷಿಯನ್ ಕ್ಯಾಬಿನ್ನಿನ ಏಸಿಯ ಲೈನು ಕಿತ್ತು ದೀಪಗಳಿಗೆ ಕೊಟ್ಟ. ಕೆಲಸದವರು ಹೊರಗೆ ಬಂದು ಕೂತಾರೆಂದು ಸೂಪರ್‌ವೈಸರ್ ಕ್ಯಾಬಿನ್ನಿನ ಬಾಗಿಲಿಗೆ ಹೊರಗಿನಿಂದ ಬೀಗ ಹಾಕಿದ. ಬೀಗ ಎಲ್ಲಿಂದ ತಂದ? ಮಂಜುನಾಥನ ಪೆಟ್ಟಿಗೆಯಿಂದ, ಅದು ಹೊರಗೇ ಉಳಿದಿತ್ತು. ಬೀಗದಲ್ಲಿ ನೇತಾಡುತ್ತಿದ್ದ ಚಾವಿಯನ್ನು ಜೇಬಿಗಿಳಿಸಿ, ಯಾರೋ ಅತಿಥಿಯನ್ನು ಕರೆತರಲು ವಿಮಾನ ನಿಲ್ದಾಣಕ್ಕೆ ಹೊರಟುಹೋದ. ಏಸಿ ಕಿತ್ತದ್ದೂ ಬೀಗ ಬಿದ್ದದ್ದೂ ಆಗ ನನಗೆ ತಿಳಿದಿರಲಿಲ್ಲ.

ಸೂರ್ಯ ಮುಳುಗಿ ಮಗ್ರಿಬ್ ಬಾಂಗ್ ಆದ ಮೇಲೆ ಅತಿಥಿಗಳು ಬಂದರು. ಹೊಸ ಫ್ಲೆಕ್ಸಿನ ವಾಸನೆ, ಅತ್ತರಿನ ವಾಸನೆ, ಸುಟ್ಟ ಮೀನಿನ ವಾಸನೆ. ಸ್ಪೀಕರಿನಲ್ಲಿ ಪೋರ್ತುಗಲ್ಲಿನ ವಿರಹದ ಹಾಡುಗಳು ಜೋರಾಗಿ ಅಳುತ್ತಿದ್ದವು. ಸಾಹೇಬ ಒಂದೊಂದೇ ಗೋಡೆ ತೋರಿಸುತ್ತ ಕೊನೆಗೆ ಪದಗಳ ಗೋಡೆಯ ಹತ್ತಿರ ಬಂದು, ಹಾಡು ನಿಲ್ಲಿಸಲು ಕೈಸನ್ನೆ ಮಾಡಿದ. ಸಾಮ್ರಾಜ್ಯ ಹೋಯಿತು, ಪದ ಉಳಿಯಿತು ಎಂದು ಭಾಷಣ ಶುರುಮಾಡಿದ. ಇಂಡಿಯಾದ ಕೂಲಿಗಳ ಬಾಯಲ್ಲಿ ಇಂದಿಗೂ ನಮ್ಮ ಭಾಷೆ ಬದುಕಿದೆ ಎಂದ. ಹಾಡು ನಿಂತಿದ್ದರಿಂದ ಖರ್ಜೂರದ ಮರಗಳ ಹಿಂದಿನಿಂದ ತಗಡು ಬಡಿಯುವ ಸದ್ದು ಕೇಳಿತು. ಅದರ ಜೊತೆಗೆ ಕೂಗು. ಬಂಗಾಳಿಯೊಬ್ಬ ಚಾಬಿ ಎನ್ನುತ್ತಿದ್ದ, ತಮಿಳನೊಬ್ಬ ಸಾವಿ ಎನ್ನುತ್ತಿದ್ದ, ಉತ್ತರದವರು ಚಾಭೀ ಎನ್ನುತ್ತಿದ್ದರು. ಎಲ್ಲ ಭಾಷೆಯವರಿಗೂ ಅದೊಂದೇ ಪದ.

ಅತಿಥಿಗಳ ಮುಖ ಅರಳಿತು. ‘ಶಾವ್! ಶಾವ್!’ ಎಂದು ಯಾರೋ ಆ ಚಾವಿಯನ್ನೇ ತಮ್ಮ ಪೋರ್ತುಗೀಸಿನಲ್ಲಿ ಮರುನುಡಿದರು. ಸಾಹೇಬ ಆಶ್ಚರ್ಯದಿಂದ ದಯಾನಂದಣ್ಣನ ಕಡೆ ನೋಡಿದ. ದಯಾನಂದಣ್ಣ ಒಂದು ಕ್ಷಣ ಕಣ್ಣು ಪಿಳುಕಿಸಿದರು, ಅಷ್ಟೇ. ಆಮೇಲೆ ಎರಡೂ ಕೈ ಅಗಲಿಸಿ, ಇದು ನಮ್ಮ ಹುಡುಗರು ನಿಮಗಾಗಿ ಇಟ್ಟುಕೊಂಡ ಚಿಕ್ಕ ಪ್ರಾತ್ಯಕ್ಷಿಕೆ ಎಂದು ಇಂಗ್ಲಿಷಿನಲ್ಲಿ ಹೇಳಿದರು. ಚಪ್ಪಾಳೆ ಬಿತ್ತು. ಅತಿಥಿಗಳು ನಗುತ್ತ ಕ್ಯಾಬಿನ್ನಿನ ಕಡೆಗೇ ನಡೆದರು. ಒಳಗಿನವರು ಚಾವಿ ಎಂದರೆ ಹೊರಗಿನವರು ಶಾವ್ ಎನ್ನುವ ಆಟ ಹತ್ತಿತು. ಫೋಟೋಗ್ರಾಫರ್ ಫ್ಲಾಶ್ ಹೊಡೆಯುತ್ತಿದ್ದ.

ಆ ಗದ್ದಲದ ನಡುವೆ ನನಗೆ ಕನ್ನಡ ಕೇಳಿಸಿತು. ಮಂಜುನಾಥನ ಸ್ವರ, ಬಿರಿದುಹೋಗಿತ್ತು. ‘ಚಾವಿ ತಕಳ್ಳಿ. ಚಾವಿ ತಕಳ್ಳಿ.’

ಒಳಗಿನವರು ಚಾವಿ ಕೇಳುತ್ತಿರಲಿಲ್ಲ, ಕೊಡುತ್ತಿದ್ದರು. ಕೊಂಡಿಯಲ್ಲಿದ್ದ ಬೀಗ ಮಂಜುನಾಥನದು, ಹಾಕುವಾಗಲೇ ಅವನು ಸಂದಿಯಿಂದ ಕಂಡಿರಬೇಕು. ಅದರ ಎರಡನೆಯ ಚಾವಿ ಅವನ ಸೊಂಟದಲ್ಲಿತ್ತು. ಅದನ್ನು ಉಡಿದಾರದಿಂದ ಹರಿದು ಬಾಗಿಲ ಕೆಳಗಿನ ಸಂದಿಯಿಂದ ಹೊರಗೆ ತಳ್ಳಿದ್ದ. ಅದು ಅತಿಥಿಗಳ ಬೂಟುಗಳ ಹತ್ತಿರ ಬಿದ್ದಿತ್ತು. ಯಾರೂ ನೆಲ ನೋಡುತ್ತಿರಲಿಲ್ಲ. ‘ತಕಳ್ಳಿ’ ಎಂಬ ಆ ಪದ ಅಲ್ಲಿ ನೆರೆದವರಲ್ಲಿ ಅರ್ಥವಾಗುವುದು ಇಬ್ಬರಿಗೆ ಮಾತ್ರ, ನನಗೆ ಮತ್ತು ದಯಾನಂದಣ್ಣನಿಗೆ. ನಾನು ಅವರ ಮುಖ ನೋಡಿದೆ. ಅವರಿಗೆ ಅರ್ಥವಾಗಿತ್ತು. ಅರ್ಥವಾಗಿಯೂ ನಗುತ್ತ ಚಪ್ಪಾಳೆ ತಟ್ಟುತ್ತಿದ್ದರು. ನಾನು ಮುಂದೆ ನುಗ್ಗುವಾಗ ನನ್ನ ಮೊಣಕೈ ಹಿಡಿದು ಕಿವಿಯ ಹತ್ತಿರ, ‘ಐದು ನಿಮಿಷ ಶೈಲಾ, ಇವರೆಲ್ಲ ಊಟಕ್ಕೆ ಹೋಗಲಿ ಮಾರಾಯ್ರೆ’ ಎಂದರು. ಮನುಷ್ಯರ ಮೇಲೆ ನನಗೆ ಅಂಥ ಹೇಸಿಗೆ ಅದಕ್ಕೆ ಮೊದಲು ಬಂದಿರಲಿಲ್ಲ, ಆಮೇಲೂ ಬಂದಿಲ್ಲ.

ಕೈ ಕೊಡವಿಕೊಂಡು ಹೋಗಿ ನೆಲ ತಡಕಿದೆ. ನನಗಿಂತ ಮೊದಲೇ ತೆರೇಜಾ ತಮ್ಮ ಕೋಲಿನ ತುದಿಯನ್ನು ಚಾವಿಯ ಪಕ್ಕದಲ್ಲಿ ಊರಿ ನಿಂತಿದ್ದರು, ಯಾರೂ ತುಳಿಯದ ಹಾಗೆ. ಅವರಿಗೆ ಬಗ್ಗಲಾಗುತ್ತಿರಲಿಲ್ಲ. ನಾನು ಎತ್ತಿಕೊಂಡು ಬೀಗ ತೆಗೆದೆ.

ಬಾಗಿಲು ತೆಗೆದಾಗ ಮೊದಲು ಹೊರಬಂದದ್ದು ವಾಸನೆ. ಬೆವರು, ವಾಂತಿ, ಫ್ಲೆಕ್ಸ್ ಅಂಟಿಸುವ ಗೋಂದು. ಉಳಿದ ಬ್ಯಾನರ್ ಸುರುಳಿಗಳನ್ನೂ ಅವರ ಜೊತೆಗೇ ಅಲ್ಲಿ ತುಂಬಿದ್ದರು. ಅತಿಥಿಗಳು ಮೂಗಿಗೆ ಕರವಸ್ತ್ರ ಹಿಡಿದು ಹಿಂದೆ ಸರಿದರು. ಕೆಲಸದವರು ಒಬ್ಬರ ಮೇಲೊಬ್ಬರು ಬಿದ್ದುಕೊಂಡು ಹೊರಬಂದರು. ಮಂಜುನಾಥ ಬರಲಿಲ್ಲ. ಬಾಗಿಲ ಸಂದಿಗೆ ಬಾಯಿ ಹಚ್ಚಿ ಕೂಗಿದವನು ಹಾಗೆಯೇ ಮಗುಚಿಬಿದ್ದಿದ್ದ. ಮೈ ಕೆಂಡದ ಹಾಗೆ ಸುಡುತ್ತಿತ್ತು, ಬೆವರು ನಿಂತೇಹೋಗಿತ್ತು. ತೆರೇಜಾ ಅತಿಥಿಗಳ ಮೇಜಿನಿಂದ ಮಂಜುಗಡ್ಡೆಯ ಬೋಗುಣಿ ತರಿಸಿ, ತಮ್ಮ ಕಪ್ಪು ಶಾಲನ್ನು ಅದರಲ್ಲಿ ಅದ್ದಿ ಅವನ ಎದೆಯ ಮೇಲೆ ಹಾಕಿದರು. ಆಂಬುಲೆನ್ಸ್ ಬರುವವರೆಗೆ ತಮ್ಮನ ಕಡೆ ಒಮ್ಮೆಯೂ ತಿರುಗಲಿಲ್ಲ. ನನ್ನ ಹತ್ತಿರ ಮಾತ್ರ ಮೆಲ್ಲಗೆ, ನಮ್ಮ ತಗಡಿನ ಗುಡಿಸಲಿಗೆ ಬೀಗವಾದರೂ ಒಳಗಿನಿಂದ ಇತ್ತು ಎಂದರು.

ಮಂಜುನಾಥ ಬದುಕಿದ. ಆದರೆ ಮೂತ್ರಪಿಂಡ ಮೊದಲಿನ ಹಾಗಾಗಲಿಲ್ಲ, ಬಿಸಿಲಿನಲ್ಲಿ ನಿಲ್ಲುವ ಹಾಗಿಲ್ಲ ಎಂದರು ಡಾಕ್ಟರು. ದಯಾನಂದಣ್ಣ ಹಣ್ಣಿನ ಬುಟ್ಟಿ ಹಿಡಿದು ಆಸ್ಪತ್ರೆಗೆ ಬಂದು, ಅವನ ತಲೆ ಸವರಿ, ಹೊರಗೆ ಬಂದು ಅವನ ವೀಸಾ ಕ್ಯಾನ್ಸಲ್ ಮಾಡಲು ಹೇಳಿದರು. ಕೆಲಸ ಮಾಡಲಾಗದವನನ್ನು ಇಟ್ಟುಕೊಂಡು ಎಂತ ಮಾಡುವುದು, ಊರಲ್ಲಿ ಹೆಂಡತಿ ಮಕ್ಕಳ ಜೊತೆ ಆರಾಮ ಇರಲಿ ಎಂದು ಆಫೀಸಿನಲ್ಲಿ ಎಲ್ಲರ ಎದುರು ದೊಡ್ಡ ಮನಸ್ಸಿನಿಂದ ಹೇಳಿದರು. ಸಾಹೇಬನಿಂದ ದೂರೂ ಬಂದಿತ್ತು, ವಾಸನೆಯಿಂದಾಗಿ ಊಟಕ್ಕೆ ಯಾರೂ ನಿಲ್ಲಲಿಲ್ಲವೆಂದು. ಅದಕ್ಕೆ ದಯಾನಂದಣ್ಣ ಕ್ಷಮೆ ಕೇಳಿ ಬಂದರು. ಆ ತಿಂಗಳೇ ನಾನು ಕೆಲಸ ಬಿಟ್ಟೆ. ಸಂಘದ ಮುಂದಿನ ಸಭೆಯಲ್ಲಿ ಎದ್ದುನಿಂತು ನಡೆದದ್ದನ್ನೆಲ್ಲ ಹೇಳಿದೆ. ಎಲ್ಲರೂ ಕೇಳಿಸಿಕೊಂಡರು. ಆಮೇಲೆ ಕಾರ್ಯದರ್ಶಿ ಎದ್ದು, ಈ ಸಲದ ಊಟದ ಪ್ರಾಯೋಜಕರು ದಯಾನಂದಣ್ಣ ಎಂದು ತಿಳಿಸಿ ವಂದನೆ ಹೇಳಿದರು.

ಚಾವಿಯನ್ನು ನಾನು ಆಸ್ಪತ್ರೆಯಲ್ಲೇ ಮಂಜುನಾಥನ ಕೈಗೆ ಕೊಟ್ಟಿದ್ದೆ. ಬೀಗ ಸಿಗಲಿಲ್ಲ. ಅವನಿಗಾಗಿ ನಾನು ಬುದಯ್ಯಕ್ಕೆ ಹೋಗಿ ಹುಡುಕಿದೆ, ಕ್ಯಾಬಿನ್ನಿನ ಕೊಂಡಿ ಬರಿದಾಗಿತ್ತು. ವಿಮಾನ ನಿಲ್ದಾಣದಲ್ಲಿ ಅವನ ಪೆಟ್ಟಿಗೆಗೆ ನೈಲಾನ್ ಹಗ್ಗ ಸುತ್ತಿದ್ದರು. ಅಷ್ಟೆಲ್ಲ ಆದ ಮೇಲೂ ಅವನಿಗೆ ಬೇಸರವಾದದ್ದು ಅದಕ್ಕೆ. ಇನ್ನು ಯಾರು ಬೇಕಾದರೂ ಮುಟ್ಟಬಹುದಲ್ಲ ಅಕ್ಕಾ ಎಂದು ಪೆಟ್ಟಿಗೆಯನ್ನೇ ನೋಡುತ್ತ ಹೇಳಿದ.

ನಾಮಕರಣದ ಮರುದಿನ ನಾದಿನಿ ನನ್ನನ್ನು ಸುತ್ತಾಡಿಸಲು ಕರೆದೊಯ್ದಳು. ಬುದಯ್ಯದ ತೋಟದ ಮನೆ ಈಗ ಟಿಕೆಟ್ ಕೊಟ್ಟು ನೋಡುವ ಜಾಗವಾಗಿದೆ. ತೆರೇಜಾ ತೀರಿಕೊಂಡು ಬಹಳ ವರ್ಷವಾಯಿತಂತೆ, ಸಾಹೇಬ ಊರಿಗೆ ಮರಳಿದ್ದಾನಂತೆ. ಒಳಗೆ ಹೋಗಬಾರದಿತ್ತು, ಹೋದೆ. ಪದಗಳ ಗೋಡೆ ಹಾಗೇ ಇದೆ, ಅಕ್ಷರ ನನ್ನದೇ. ಪಕ್ಕದಲ್ಲಿ ಚೌಕಟ್ಟು ಹಾಕಿದ ಫೋಟೋ, ಅತಿಥಿಗಳು ಕ್ಯಾಬಿನ್ನಿನ ಮುಂದೆ ನಿಂತು ಚಪ್ಪಾಳೆ ತಟ್ಟುತ್ತಿರುವುದು. ಅದರ ಕೆಳಗೆ ಗಾಜಿನ ಪೆಟ್ಟಿಗೆ, ಒಳಗೆ ಕೆಂಪು ಮಖಮಲ್ಲಿನ ಮೇಲೆ ಸಮುದ್ರದ ಗಾಳಿಗೆ ಹಸಿರುಗಟ್ಟಿದ ಒಂದು ಹಿತ್ತಾಳೆಯ ಬೀಗ. ಹಳೆಯ ಕಾಲದ ಬೀಗ, ಚಾವಿ ಕಳೆದಿದೆ, ಮೇಲಿನ ಚಿಹ್ನೆ ಯಾವ ಲಿಪಿಯೆಂದು ಗೊತ್ತಾಗಿಲ್ಲ ಎಂದು ಚೀಟಿಯಲ್ಲಿ ಬರೆದಿದ್ದರು. ನಾನು ಬಗ್ಗಿ ನೋಡಿದೆ. ‘ಮಂ’.

ಅಲ್ಲಿ ಕೂತಿದ್ದ ಹುಡುಗಿಗೆ ಹೇಳಿದೆ, ಇದು ನಮ್ಮ ಕನ್ನಡ, ಮಂಜುನಾಥ ಎಂಬವನ ಮೊದಲ ಅಕ್ಷರ, ಚಾವಿ ಅವನ ಹತ್ತಿರ ಇದೆ ಎಂದು. ಅವಳು ಬಹಳ ಸಂತೋಷಪಟ್ಟು, ಅವರು ಯಾವ ಶತಮಾನದವರು ಎಂದು ಕೇಳಿದಳು. ನಾನು ಹೊರಗೆ ಬಂದು ಅಂಕೋಲೆಗೆ ಫೋನ್ ಮಾಡಿದೆ.

ಮಂಜುನಾಥ ಈಗ ಮನೆಯ ಜಗಲಿಯ ನೆರಳಿನಲ್ಲಿ ಕೂತು ಊಟದ ಮಣೆ, ಈಳಿಗೆಮಣೆ ಮಾಡುತ್ತಾನೆ. ಬೀಗ ಸಿಕ್ಕಿತು ಎಂದೆ. ಎಲ್ಲಿ, ಹೇಗೆ ಎಂದು ಎಲ್ಲ ಹೇಳಿದೆ. ಅವನು ಬೈಯುತ್ತಾನೆಂದುಕೊಂಡೆ. ಅದರ ಬದಲು ಆ ಗಾಜಿನ ಪೆಟ್ಟಿಗೆಗೆ ಬೀಗ ಹಾಕಿದ್ದಾರೋ ಎಂದು ಕೇಳಿದ. ಹಾಕಿದ್ದಾರೆ, ಚಿಕ್ಕದೊಂದು ಇದೆ ಎಂದೆ.

‘ಹೊರಗಿಂದ?’

‘ಹೊರಗಿಂದ.’

‘ಇರ್ಲಿ ಬಿಡಿ ಅಕ್ಕಾ,’ ಎಂದ ಅವನು. ‘ಒಳಗಿದ್ರೆ ಹ್ಯಾಂಗಾಗ್ತದೆ ಅಂತ ಆ ಬೀಗಕ್ಕೂ ಗೊತ್ತಾಗ್ಲಿ.’